ಧ್ವನಿವರ್ಧಕ ಶಬ್ದಮಾಲಿನ್ಯ: ಆರಾಧನಾ ಸ್ಥಳಗಳು ಮತ್ತು ಕಾನೂನು ಪರಿಹಾರ
ಹೈದರಾಬಾದಿನ ದಿಲ್‌ಸುಖ್‌ನಗರದಲ್ಲಿ ಅಂಗಡಿ, ಕೋಚಿಂಗ್ ಕೇಂದ್ರ, ಹಾಸ್ಟೆಲು, ಮನೆ, ಆರಾಧನಾ ಸ್ಥಳ ಎಲ್ಲವೂ ಒತ್ತೊತ್ತಾಗಿವೆ. ಇಂಥ ಕಡೆ ಮೈಕಿನ ಹಾವಳಿಗೆ ಮೊದಲ ಆಸರೆ 2000ದ ಶಬ್ದಮಾಲಿನ್ಯ ನಿಯಮಗಳು. ಹಗಲಿನ ಮಿತಿ ವಸತಿ ಪ್ರದೇಶಕ್ಕೆ 55 ಡೆಸಿಬಲ್, ವಾಣಿಜ್ಯ ಪ್ರದೇಶಕ್ಕೆ 65. ದೂರಿಗೆ ಶಬ್ದ ಈ ಮಿತಿಗಿಂತ ಕನಿಷ್ಠ 10 ಡೆಸಿಬಲ್ ಹೆಚ್ಚಿರಬೇಕು. ಹಾಗಾಗಿ ಬೀದಿ ಯಾವ ವರ್ಗದ್ದೆಂಬ ತಕರಾರಿನಲ್ಲೇ ಹಗಲಿನ ದೂರು ಸಿಕ್ಕಿಕೊಳ್ಳಬಹುದು. ರಾತ್ರಿಯ ದೂರಿಗೆ ಈ ತೊಡಕಿಲ್ಲ. ರಾತ್ರಿ 10ರಿಂದ ಬೆಳಿಗ್ಗೆ 6ರವರೆಗೆ, ಸಭಾಂಗಣದಂಥ ಮುಚ್ಚಿದ ಜಾಗ ಮತ್ತು ಸಾರ್ವಜನಿಕ ತುರ್ತಿನ ಹೊರತು, ಧ್ವನಿವರ್ಧಕ ನಿಷಿದ್ಧ. ಉಲ್ಲಂಘನೆಯೇ ದೂರಿಗೆ ಸಾಕು. ನಸುಕಿನ ಸುಪ್ರಭಾತಕ್ಕೂ ಆಜಾನಿಗೂ ಇದು ಸಮಾನ. ನೊಂದವರು ದಿನ, ಗಂಟೆ, ಸ್ಥಳ ನಮೂದಿಸಿ ಪೊಲೀಸರಿಗೆ ಲಿಖಿತ ದೂರು ಕೊಡುವುದೇ ಬಲವಾದ ದಾರಿ.

ಇದರಿಂದ ಧರ್ಮಸ್ವಾತಂತ್ರ್ಯಕ್ಕೆ ಧಕ್ಕೆ ಎಂಬ ಆಕ್ಷೇಪವುಂಟು. ಚೆನ್ನೈನ ಚರ್ಚೊಂದು 2000ದಲ್ಲಿ ಇದೇ ವಾದ ಮುಂದಿಟ್ಟಾಗ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ; ನೆರೆಯವರ ನೆಮ್ಮದಿ ಕೆಡಿಸಿ ಪ್ರಾರ್ಥಿಸಲು ಯಾವ ಧರ್ಮವೂ ವಿಧಿಸುವುದಿಲ್ಲವೆಂದಿತು. ನಿಷೇಧ ಯಂತ್ರಕ್ಕೇ ಹೊರತು ಪ್ರಾರ್ಥನೆಗಲ್ಲ. ಹಬ್ಬಗಳನ್ನೂ ನಿಯಮ ಮರೆತಿಲ್ಲ: ವರ್ಷಕ್ಕೆ 15 ದಿನ ಮೀರದಂತೆ ರಾತ್ರಿ 12ರವರೆಗೆ ರಾಜ್ಯ ಸರ್ಕಾರ ಸಡಿಲಿಕೆ ಕೊಡಬಹುದು. ಪೊಲೀಸರು ಕಿವಿಗೊಡದಿದ್ದರೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 152ನೇ ಕಲಮಿನಡಿ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರನ್ನು, ಕೊನೆಗೆ ಸಂವಿಧಾನದ 226ನೇ ವಿಧಿಯಡಿ ತೆಲಂಗಾಣ ಹೈಕೋರ್ಟನ್ನು ಮೊರೆಹೋಗಬಹುದು.