ಅಪ್ಪನ ಆದಾಯವೋ, ಗಂಡನ ಆದಾಯವೋ? ಶಿಕ್ಷಕರ ನೇಮಕಾತಿ ಕೋರ್ಟು ಹತ್ತಿದ ಕಥೆ

ಅನುಗೊಂಡನಹಳ್ಳಿ ಹೋಬಳಿಯಲ್ಲಿ ಸರ್ಕಾರಿ ಕೆಲಸಕ್ಕೆ ಅರ್ಜಿ ಹಾಕುವವರು ಮೊದಲು ಹೋಗುವುದು ನಾಡಕಚೇರಿಗೆ. ಜಾತಿ, ಆದಾಯದ ಪ್ರಮಾಣಪತ್ರ ಬೇಕಲ್ಲ. 2ಎ, 2ಬಿ, 3ಎ, 3ಬಿ ಪ್ರವರ್ಗದವರಿಗೆ ಎರಡೂ ಒಂದೇ ಹಾಳೆಯಲ್ಲಿ ಬರುತ್ತವೆ. ಮದುವೆಯಾದ ಹೆಣ್ಣುಮಗಳು ಆ ಹಾಳೆಯಲ್ಲಿ ಯಾರ ಆದಾಯ ತೋರಿಸಬೇಕು? ಕೇಳೋಕೆ ಸಣ್ಣ ಪ್ರಶ್ನೆ. ಆದರೆ ಇಡೀ ರಾಜ್ಯದ ಶಿಕ್ಷಕರ ನೇಮಕಾತಿ ನಿಂತು ಹೋಗಿದ್ದು ಇದರಿಂದಲೇ.

ಸರ್ಕಾರಿ ಕೆಲಸದಲ್ಲಿ ಯಾರಿಗೆ ಎಷ್ಟು ಪಾಲು ಅನ್ನುವ ಚರ್ಚೆ ನಮ್ಮಲ್ಲಿ ಹಳೆಯದು. 1918ರಲ್ಲೇ ಮೈಸೂರು ಸಂಸ್ಥಾನ ಇದಕ್ಕಾಗಿ ಮಿಲ್ಲರ್ ಸಮಿತಿ ನೇಮಿಸಿತ್ತು. 1992ರ ಇಂದ್ರಾ ಸಾಹ್ನಿ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್, ಹಿಂದುಳಿದ ವರ್ಗಗಳಲ್ಲೇ ಉಳ್ಳವರಾದ ‘ಕೆನೆಪದರ’ದವರನ್ನು ಮೀಸಲಾತಿಯಿಂದ ಹೊರಗಿಡಿ ಎಂದಿತು. ಅಲ್ಲಿಂದ ಆದಾಯದ ಲೆಕ್ಕಕ್ಕೆ ಜಾತಿಯಷ್ಟೇ ತೂಕ ಬಂತು.

ಜಾತಿಯ ವಿಷಯದಲ್ಲಿ ಗೊಂದಲ ಕಡಿಮೆ. ಕೇರಳದ ಕೊಚ್ಚಿನ್ ವಿಶ್ವವಿದ್ಯಾಲಯದಲ್ಲಿ ಒಂದು ಉಪನ್ಯಾಸಕ ಹುದ್ದೆ ಹಿಂದುಳಿದ ಲ್ಯಾಟಿನ್ ಕ್ಯಾಥೊಲಿಕ್ಕರಿಗೆ ಮೀಸಲಿತ್ತು. ಮುಂದುವರಿದ ಸಮುದಾಯದಲ್ಲಿ ಹುಟ್ಟಿ, ಲ್ಯಾಟಿನ್ ಕ್ಯಾಥೊಲಿಕ್ಕರ ಮನೆಗೆ ಸೊಸೆಯಾದವರು ಅದನ್ನು ಕೇಳಿದರು. ಮದುವೆಯಿಂದ ಮೀಸಲಾತಿ ಬರುವುದಿಲ್ಲ ಎಂದು 1996ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಅಂದರೆ ಜಾತಿ ತವರಿನದು. ಹಾಗಾದರೆ ಆದಾಯ ಮಾತ್ರ ಗಂಡನ ಮನೆಯದು ಹೇಗಾಗುತ್ತೆ?

2022ರ ಮಾರ್ಚ್‌ನಲ್ಲಿ ಶಿಕ್ಷಣ ಇಲಾಖೆ 6ರಿಂದ 8ನೇ ತರಗತಿಗೆ 15,000 ಪದವೀಧರ ಪ್ರಾಥಮಿಕ ಶಿಕ್ಷಕರ ಹುದ್ದೆಗೆ ಅರ್ಜಿ ಕರೆಯಿತು. ಮೇ ತಿಂಗಳಲ್ಲಿ ಪರೀಕ್ಷೆ ನಡೆಯಿತು. ನವೆಂಬರ್ 18ಕ್ಕೆ 13,363 ಹೆಸರುಗಳ ತಾತ್ಕಾಲಿಕ ಪಟ್ಟಿ ಬಂತು. ಮದುವೆಯಾಗಿದ್ದು ಅಪ್ಪನ ಆದಾಯದ ಪತ್ರ ಕೊಟ್ಟಿದ್ದ ಮಹಿಳೆಯರನ್ನು ಮೀಸಲಾತಿಯಿಂದ ತೆಗೆದು ಸಾಮಾನ್ಯ ವರ್ಗದಲ್ಲಿ ಲೆಕ್ಕ ಹಾಕಿದ್ದರು. ಅಲ್ಲಿನ ಕಟ್‌ಆಫ್ ಎತ್ತರ. ಎಷ್ಟೋ ಜನರ ಹೆಸರೇ ಪಟ್ಟಿಯಲ್ಲಿರಲಿಲ್ಲ.

ಅವರು ಹೈಕೋರ್ಟಿಗೆ ಹೋದರು. 2023ರ ಜನವರಿ 30ರಂದು ನ್ಯಾಯಮೂರ್ತಿ ಎಂ. ನಾಗಪ್ರಸನ್ನ ಅವರ ಏಕಸದಸ್ಯ ಪೀಠ ಆ ಪಟ್ಟಿ ರದ್ದು ಮಾಡಿ, ತಂದೆ ತಾಯಿಯ ಆದಾಯವನ್ನೇ ನೋಡಬೇಕು ಎಂದಿತು. ಇಲಾಖೆ ಲೆಕ್ಕ ತಿರುಗಿ ಹಾಕಿ ಮಾರ್ಚ್ 8ಕ್ಕೆ 13,352 ಜನರ ಅಂತಿಮ ಪಟ್ಟಿ ಹೊರಡಿಸಿತು.

ಕಥೆ ಇಲ್ಲಿಗೆ ಮುಗಿಯಬಹುದಿತ್ತು. ಆದರೆ ಮೊದಲ ಪಟ್ಟಿಯಲ್ಲಿ ಹೆಸರಿದ್ದು ಎರಡನೆಯದರಲ್ಲಿ ಕಳೆದುಕೊಂಡವರೂ ಇದ್ದರು. ಅವರ ಸಂಕಟವೂ ಸಣ್ಣದಲ್ಲ. ಕೆಲಸ ಸಿಕ್ಕಿತೆಂದು ಮನೆಯಲ್ಲಿ ಸಿಹಿ ಹಂಚಿದ ಮೂರು ತಿಂಗಳಿಗೇ ಹೆಸರಿಲ್ಲ ಅಂದರೆ? ಅವರು ಮೇಲ್ಮನವಿ ಹಾಕಿದರು.

ಆಗ ಪ್ರಶ್ನೆಯೇ ಬದಲಾಯಿತು. ಆದಾಯ ಯಾರದು ಅನ್ನುವುದಕ್ಕಿಂತ ಮೊದಲು, ಯಾವ ಬಾಗಿಲು ಬಡಿಯಬೇಕಿತ್ತು ಎಂಬ ಮಾತು ಬಂತು. ರಾಜ್ಯ ಸರ್ಕಾರದ ನೇಮಕಾತಿ ತಕರಾರುಗಳಿಗೆಂದೇ 1986ರಿಂದ ಬೆಂಗಳೂರಿನಲ್ಲಿ ಆಡಳಿತ ನ್ಯಾಯಮಂಡಳಿ ಇದೆ. ಜನ ಕೆಎಟಿ ಅನ್ನುತ್ತಾರೆ. ಮೊದಲು ಅಲ್ಲಿಗೆ ಹೋಗಿ, ಆಮೇಲೆ ಹೈಕೋರ್ಟಿಗೆ ಬನ್ನಿ ಎಂದು 1997ರ ಎಲ್. ಚಂದ್ರಕುಮಾರ್ ತೀರ್ಪಿನಲ್ಲೇ ಸುಪ್ರೀಂ ಕೋರ್ಟ್ ಹೇಳಿತ್ತು. 2023ರ ಅಕ್ಟೋಬರ್ 12ರಂದು ಹೈಕೋರ್ಟಿನ ವಿಭಾಗೀಯ ಪೀಠ ಇದೇ ಕಾರಣಕ್ಕೆ ಜನವರಿಯ ಆದೇಶ ರದ್ದು ಮಾಡಿ, ತಕರಾರು ಇದ್ದವರು ಕೆಎಟಿಗೆ ಹೋಗಲಿ ಎಂದಿತು. ಶಾಲೆಗಳಲ್ಲಿ ಶಿಕ್ಷಕರಿಲ್ಲದ ಸ್ಥಿತಿ ನೋಡಿ ನೇಮಕಾತಿಗೂ ದಾರಿ ಬಿಟ್ಟಿತು.

ಕಾನೂನಿನ ಪ್ರಕಾರ ಅದು ಸರಿಯೇ ಇರಬಹುದು. ಆದರೆ ಮೊದಲ ದಿನವೇ ಹೇಳಬಹುದಾಗಿದ್ದ ಮಾತನ್ನು ಎರಡು ಪಟ್ಟಿ ಬಂದ ಮೇಲೆ ಕೇಳುವುದು ಅಭ್ಯರ್ಥಿಗಳಿಗೆ ತುಟ್ಟಿಯಾಯಿತು ಅಂತ ನಮಗನ್ನಿಸುತ್ತದೆ.

ಪ್ರಕರಣ ದೆಹಲಿಗೂ ಹೋಯಿತು. 2025ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ವಿಭಾಗೀಯ ಪೀಠದ ಮಾತನ್ನೇ ಎತ್ತಿಹಿಡಿಯಿತು. ಅಪ್ಪನದೋ ಗಂಡನದೋ ಅನ್ನುವುದಕ್ಕೆ ಅಲ್ಲಿ ಉತ್ತರ ಸಿಗಲಿಲ್ಲ, ಅದನ್ನು ಕೆಎಟಿಯೇ ನೋಡಬೇಕು. ಅರ್ಜಿ ಕರೆದ ವರ್ಷ ಆರನೇ ತರಗತಿಗೆ ಸೇರಿದ ಮಗು ಅಷ್ಟೊತ್ತಿಗೆ ಒಂಬತ್ತನೇ ತರಗತಿಯಲ್ಲಿತ್ತು.