ಕೊಲ್ಲಾಪುರದ ಕನ್ನಡ ವಾಕ್ಚಿತ್ರ ಮತ್ತು ವೈ.ವಿ. ರಾವ್
1934ರ ಮಾರ್ಚ್ 3ರಂದು ಬೆಂಗಳೂರಿನ ಪ್ಯಾರಾಮೌಂಟ್ ಚಿತ್ರಮಂದಿರದಲ್ಲಿ ಬಿಡುಗಡೆಯಾದ 'ಸತಿ ಸುಲೋಚನಾ' ಕನ್ನಡದ ಮೊದಲ ವಾಕ್ಚಿತ್ರವೆಂಬುದು ಸರ್ವವಿದಿತ. ಅದರ ಚಿತ್ರೀಕರಣ ನಡೆದದ್ದು ಕೊಲ್ಲಾಪುರದ ಛತ್ರಪತಿ ಸ್ಟುಡಿಯೊದಲ್ಲಿ ಎಂಬುದನ್ನೂ ಸಿನಿಮಾ ಚರಿತ್ರೆಗಳು ಉಲ್ಲೇಖಿಸುತ್ತವೆ. ಉಲ್ಲೇಖಿಸಿ ಮುಂದೆ ಸಾಗುತ್ತವೆ. ಚಿತ್ರದ ನಿರ್ದೇಶಕ ಯರಗುಡಿಪಾಟಿ ವರದರಾವ್ (1903–1973) ಅವರಿಗೆ ಸಂದದ್ದೂ ಅಷ್ಟೇ, ಒಂದು ಸಾಲು.

ನೆಲ್ಲೂರಿನಲ್ಲಿ ಜನಿಸಿದ ರಾವ್ ರಂಗಭೂಮಿಯಿಂದ ಮೂಕಿಚಿತ್ರಗಳತ್ತ ಹೊರಳಿ, ನಟನೆಯ ಅವಕಾಶ ಅರಸಿ ಕೊಲ್ಲಾಪುರ, ಮುಂಬಯಿಗಳಿಗೆ ಹೋದರು. ಅನಂತರ ಮದರಾಸಿನ 'ಗರುಡ ಗರ್ವಭಂಗಂ' (1929) ಮುಂತಾದ ಚಿತ್ರಗಳಲ್ಲಿ ಕಾಣಿಸಿಕೊಂಡರು. ಕೊಲ್ಲಾಪುರವು ಆಗ ಸಿನಿಮಾ ಕಲಿಯಲು ತಕ್ಕ ಊರಾಗಿತ್ತು. ನಾಟಕದ ಪರದೆಗಳನ್ನು ಬಿಡಿಸುತ್ತಿದ್ದ ಬಾಬುರಾವ್ ಪೇಂಟರ್ ಇಲ್ಲಿ ಮಹಾರಾಷ್ಟ್ರ ಫಿಲ್ಮ್ ಕಂಪನಿಯನ್ನು ಕಟ್ಟಿ 1920ರಲ್ಲಿ 'ಸೈರಂಧ್ರಿ'ಯನ್ನು ತೆರೆಗೆ ತಂದಿದ್ದರು. ಅವರ ಗರಡಿಯಿಂದ ಹೊರಬಂದ ದಾಮ್ಲೆ, ಫತ್ತೇಲಾಲ್, ಶಾಂತಾರಾಮ್ ಮೊದಲಾದವರು 1929ರಲ್ಲಿ ಪ್ರಭಾತ್ ಸಂಸ್ಥೆಯನ್ನು ಸ್ಥಾಪಿಸಿದರು. 1933ರಲ್ಲಿ ಪ್ರಭಾತ್ ಪುಣೆಗೆ ಸ್ಥಳಾಂತರಗೊಂಡಿತಾದರೂ ಕಸಬು ಊರಿನಲ್ಲಿಯೇ ಉಳಿಯಿತು.

ಬೆಂಗಳೂರಿನ ವ್ಯಾಪಾರಿ ಚಮನ್‌ಲಾಲ್ ಡುಂಗಾಜಿ ತಮ್ಮ ಸೌತ್ ಇಂಡಿಯಾ ಮೂವಿಟೋನ್ ಪರವಾಗಿ ಕನ್ನಡ ಚಿತ್ರಕ್ಕೆ ಹಣ ಹೂಡಿದಾಗ, ವಾಕ್ಚಿತ್ರಕ್ಕೆ ಒದಗುವ ಸ್ಟುಡಿಯೊ ಬೆಂಗಳೂರಿನಲ್ಲಿರಲಿಲ್ಲ. ಬೆಳ್ಳಾವೆ ನರಹರಿಶಾಸ್ತ್ರಿಗಳ ಸಾಹಿತ್ಯ, ಇಂದ್ರಜಿತನಾಗಿ ಸುಬ್ಬಯ್ಯನಾಯ್ಡು, ರಾವಣನಾಗಿ ಆರ್. ನಾಗೇಂದ್ರರಾವ್, ಸುಲೋಚನೆಯಾಗಿ ತ್ರಿಪುರಾಂಬ: ಇಡೀ ಬಳಗ ಕೊಲ್ಲಾಪುರಕ್ಕೆ ಬಂತು. ಸುಮಾರು 2 ತಿಂಗಳಲ್ಲಿ, ಸುಮಾರು 40,000 ರೂಪಾಯಿ ವೆಚ್ಚದಲ್ಲಿ ಚಿತ್ರ ಮುಗಿಯಿತು. ಅಂದಿನ ನಕಾಶೆಯಲ್ಲಿ ಇದು ಮೈಸೂರು ಸಂಸ್ಥಾನದಿಂದ ಕೊಲ್ಲಾಪುರ ಸಂಸ್ಥಾನಕ್ಕೆ ಮಾಡಿದ ಪ್ರಯಾಣ. 'ಹೊರರಾಜ್ಯ'ವೆಂಬ ಮಾತಿಗೆ ಇಂದಿನ ಅರ್ಥ ಆಗ ಇರಲಿಲ್ಲ. ದತ್ತವಾಡದಂಥ ಊರುಗಳಲ್ಲಿ ಕನ್ನಡ ಮನೆಮಾತಾಗಿರುವ ಈ ಸೀಮೆಯನ್ನು ಕನ್ನಡ ಚಿತ್ರರಂಗದ ಆಕಸ್ಮಿಕ ತಂಗುದಾಣವೆಂದು ಬಗೆಯುವುದು ಅವಸರದ ತೀರ್ಮಾನವಾದೀತು.

'ಸತಿ ಸುಲೋಚನಾ'ದ ಪ್ರತಿ ಇಂದು ಲಭ್ಯವಿಲ್ಲ. ಹೀಗಾಗಿ ಆ ಚಿತ್ರದಲ್ಲಿ ನಾಟಕ ಕಂಪನಿಯ ಪಾಲೆಷ್ಟು, ನಿರ್ದೇಶಕರ ಪಾಲೆಷ್ಟು ಎಂದು ಅಳೆಯಲಾಗದು. ನಟರ ಕೀರ್ತಿ ಉಳಿದು ನಿರ್ದೇಶಕರ ಹೆಸರು ಮಸುಕಾಗಲು ಇದೂ ಒಂದು ಕಾರಣ. ರಾವ್ ಅವರ ಕಸುವನ್ನು ಅವರ ಮುಂದಿನ ಕೃತಿಗಳಿಂದಲೇ ಊಹಿಸಬೇಕು: ಎಂ.ಕೆ. ತ್ಯಾಗರಾಜ ಭಾಗವತರ್ ನಟಿಸಿದ ತಮಿಳಿನ 'ಚಿಂತಾಮಣಿ' (1937), ವಿಧವಾ ವಿವಾಹವನ್ನು ಕುರಿತ ತೆಲುಗಿನ 'ಮಳ್ಳೀ ಪೆಳ್ಳಿ' (1939), ಸಿನಿಮಾ ಲೋಕವನ್ನೇ ವಸ್ತುವಾಗಿಸಿದ 'ವಿಶ್ವಮೋಹಿನಿ' (1940). ಪುರಾಣದಿಂದ ಸಮಕಾಲೀನ ಬದುಕಿಗೆ 6 ವರ್ಷಗಳಲ್ಲಿ ದಾಟಿದ ಈ ನಡಿಗೆ ಸಾಮಾನ್ಯವಾದುದಲ್ಲ.

ಭಾಷಾವಾರು ರಾಜ್ಯಗಳ ಬಳಿಕ ಚಿತ್ರಚರಿತ್ರೆಯೂ ಭಾಷಾವಾರು ಹಂಚಿಕೆಯಾಯಿತು. ರಾವ್ ಅವರ ಜೀವನ ಮೂರು ಗ್ರಂಥಗಳಲ್ಲಿ ತುಂಡುತುಂಡಾಗಿ ಬಿತ್ತು. ಯಾವುದರಲ್ಲಿಯೂ ಪೂರ್ತಿಯಾಗಿ ಸಿಗುವುದಿಲ್ಲ. 1968ರಲ್ಲಿ 'ಗೋವಾದಲ್ಲಿ ಸಿ.ಐ.ಡಿ. 999' ಚಿತ್ರದ ಮೂಲಕ ಕನ್ನಡಕ್ಕೆ ಬಂದ ನಟಿ ಲಕ್ಷ್ಮಿ ಅವರ ಮಗಳೆಂದು ತಿಳಿಸಿದರೆ ಮಾತ್ರ ಬಹುತೇಕ ಪ್ರೇಕ್ಷಕರು ತಂದೆಯ ಹೆಸರನ್ನು ಮತ್ತೊಮ್ಮೆ ಕೇಳುತ್ತಾರೆ.