ಕರಗಲೆಂದೇ ಮಾಡಿದ ಕಲೆ

ಪ್ಲಾಸ್ಟಿಕ್ ಅಂದರೆ ಪೆಟ್ರೋಲಿಯಂ ಎನ್ನುವ ಲೆಕ್ಕ ತೀರಾ ಈಚಿನದು. 1862ರಲ್ಲಿ ಲಂಡನ್ನಿನ ಅಂತಾರಾಷ್ಟ್ರೀಯ ಪ್ರದರ್ಶನದಲ್ಲಿ ಅಲೆಕ್ಸಾಂಡರ್ ಪಾರ್ಕ್ಸ್ ಜನರ ಮುಂದಿಟ್ಟ ಪಾರ್ಕ್‌ಸೀನ್ ಸಸ್ಯದ ಸೆಲ್ಯುಲೋಸ್‌ನಿಂದ ಆದದ್ದು. ಅದೇ ಕಾಲಕ್ಕೆ ಪ್ಯಾರಿಸ್ಸಿನಲ್ಲಿ ಮರದ ಹೊಟ್ಟಿಗೆ ಪ್ರಾಣಿರಕ್ತ ಬೆರೆಸಿ ಅಲಂಕಾರದ ಸಾಮಾನುಗಳನ್ನು ಅಚ್ಚುಹಾಕುತ್ತಿದ್ದರು. ಮುಂದೆ ಹಾಲಿನ ಕೇಸಿನ್‌ನಿಂದ ಗ್ಯಾಲಲಿತ್ ಬಂತು, ಅಂಗಿಯ ಗುಂಡಿಯಾಯಿತು. 1907ರಲ್ಲಿ ಲಿಯೋ ಬೇಕ್‌ಲ್ಯಾಂಡ್ ಪೂರ್ತಿ ಕೃತಕವಾದ ಬೇಕಲೈಟ್ ಮಾಡಿದ ಮೇಲೆ ಇಂಥವು ಒಂದೊಂದಾಗಿ ಮೂಲೆ ಸೇರತೊಡಗಿದವು.

ಸೆಲ್ಯುಲೋಸ್ ಪ್ಲಾಸ್ಟಿಕ್ಕನ್ನು ಶಿಲ್ಪಕ್ಕೆ ತಂದವರಲ್ಲಿ ರಷ್ಯಾ ಮೂಲದ ನೌಮ್ ಗಾಬೊ ಮೊದಲಿಗರ ಸಾಲಿನವನು. ಪಾರದರ್ಶಕ ಹಾಳೆಗಳನ್ನು ಬಾಗಿಸಿ ಅವನು ಕಟ್ಟಿದ ಕೃತಿಗಳು ಎಂದೆಂದಿಗೂ ಆಧುನಿಕವಾಗಿಯೇ ಉಳಿಯುವಂತೆ ಕಂಡಿದ್ದವು. ಆದರೆ ಅವುಗಳಲ್ಲಿ ಕೆಲವು ಮ್ಯೂಸಿಯಂಗಳಲ್ಲೇ ಸೊಟ್ಟಗಾಗಿ, ಬಿರುಕುಬಿಟ್ಟು ಹಾಳಾದವು. ಸಂರಕ್ಷಕರಿಗೆ ಅದೊಂದು ದುರಂತ. ಇಂದಿನ ಕಲಾವಿದರು ಹೊರಟಿರುವುದೇ ಆ ದುರಂತವನ್ನು ಉದ್ದೇಶವಾಗಿಸಿಕೊಂಡು.

ಪೆಟ್ರೋಲಿಯಂಗೆ ಮುಂಚಿನ ವಸ್ತುಗಳತ್ತ ಕಲೆಯ ತಿರುವು ಸ್ಪಷ್ಟವಾಗಿ ಕಂಡದ್ದು 2011ರಲ್ಲಿ. ಇಟಲಿಯ ಪ್ಲಾರ್ಟ್ ಪ್ರತಿಷ್ಠಾನಕ್ಕಾಗಿ ಫಾರ್ಮಾಫಾಂಟಾಸ್ಮಾ ಎಂಬ ವಿನ್ಯಾಸ ಸ್ಟುಡಿಯೊದ ಆಂಡ್ರಿಯಾ ಟ್ರಿಮಾರ್ಕಿ, ಸಿಮೋನ್ ಫರೆಸಿನ್ ಜೋಡಿ ‘ಬೊಟಾನಿಕಾ’ ಎಂಬ ಪಾತ್ರೆ, ಹೂಜಿಗಳ ಮಾಲಿಕೆ ಮಾಡಿತು. ಪೆಟ್ರೋಲಿಯಂ ಯುಗ ಬಾರದೇ ಇದ್ದಿದ್ದರೆ ಪ್ಲಾಸ್ಟಿಕ್ ಹೇಗಿರುತ್ತಿತ್ತು ಎಂಬ ಕುತೂಹಲದಿಂದ ಅವರು ಮರದ ರಾಳಗಳ ಜೊತೆ ಅರಗನ್ನೂ ಹಿಡಿದರು. ನಮ್ಮ ಚನ್ನಪಟ್ಟಣದ ಬೊಂಬೆ ಕೆಲಸದವರು ಇದನ್ನು ನೋಡಿ ನಕ್ಕಾರು. ಲೇತ್‌ನಲ್ಲಿ ತಿರುಗುವ ಹಾಲೆ ಮರಕ್ಕೆ ಬಣ್ಣದ ಅರಗಿನ ಕಡ್ಡಿ ಒತ್ತಿದರೆ ತಿಕ್ಕಾಟದ ಬಿಸಿಗೇ ಅದು ಕರಗಿ ಮೆತ್ತಿಕೊಳ್ಳುತ್ತದೆ, ಆರಿದರೆ ಗಟ್ಟಿ. ಥರ್ಮೋಪ್ಲಾಸ್ಟಿಕ್ಕಿನ ಗುಣವೂ ಇದೇ ತಾನೆ? (ದುರ್ಯೋಧನನ ಅರಗಿನ ಮನೆಯನ್ನು ಬಯೋಪ್ಲಾಸ್ಟಿಕ್ ವಾಸ್ತುಶಿಲ್ಪದ ಚರಿತ್ರೆಗೆ ಸೇರಿಸುವ ಆಸೆಯನ್ನು ಸದ್ಯ ತಡೆದುಕೊಂಡಿದ್ದೇನೆ.)

ಆಮೇಲೆ ಗಾತ್ರ ಬೆಳೆಯಿತು. 2014ರಲ್ಲಿ ನ್ಯೂಯಾರ್ಕಿನ ಮೋಮಾ ಪಿಎಸ್1 ಕಲಾಕೇಂದ್ರದ ಅಂಗಳದಲ್ಲಿ ವಾಸ್ತುಶಿಲ್ಪಿ ಡೇವಿಡ್ ಬೆಂಜಮಿನ್ ತಂಡ ‘ಹೈ-ಫೈ’ ಗೋಪುರ ಎಬ್ಬಿಸಿತು. ಜೋಳದ ದಂಟಿನ ಚೂರುಗಳಲ್ಲಿ ಅಣಬೆಯ ಬೇರುಜಾಲ ಹಬ್ಬಿಸಿ ಬೆಳೆಸಿದ ಸುಮಾರು 10,000 ಇಟ್ಟಿಗೆಗಳು. ಬೇಸಿಗೆ ಮುಗಿದ ಮೇಲೆ ಬಿಚ್ಚಿ ಗೊಬ್ಬರಕ್ಕೆ ಕಳಿಸಿದರು. 2018ರಲ್ಲಿ ಎಂಐಟಿ ಮೀಡಿಯಾ ಲ್ಯಾಬ್‌ನ ನೆರಿ ಆಕ್ಸ್‌ಮನ್ ತಂಡದ ‘ಅಗ್ವಾಹೋಹಾ’ ಬಂತು. ಸೆಲ್ಯುಲೋಸ್, ಸಿಗಡಿ ಚಿಪ್ಪಿನ ಕೈಟೋಸಾನ್, ಹಣ್ಣಿನ ಪೆಕ್ಟಿನ್‌ಗಳನ್ನು ರೋಬಾಟ್ ಕೈಯಿಂದ ಮುದ್ರಿಸಿ ಕಟ್ಟಿದ ಐದು ಮೀಟರ್ ಎತ್ತರದ ರಚನೆ. ಒಂದೇ ಹಾಳೆಯಲ್ಲಿ ಎಲ್ಲಿ ಗಡಸು, ಎಲ್ಲಿ ಮೃದು ಎಂಬುದನ್ನು ಮಿಶ್ರಣದ ಪ್ರಮಾಣದಿಂದಲೇ ನಿರ್ಧರಿಸಿದ್ದಾರೆ. ಮಳೆನೀರು ಸಿಕ್ಕರೆ ಕರಗಿ ಮಣ್ಣು ಸೇರಬೇಕಾದ ಈ ಕೃತಿ ಈಗ ಸ್ಯಾನ್ ಫ್ರಾನ್ಸಿಸ್ಕೋದ ಆಧುನಿಕ ಕಲಾ ಮ್ಯೂಸಿಯಂನ ಸಂಗ್ರಹದಲ್ಲಿದೆ. ಕರಗಬೇಕಾದ್ದನ್ನು ಕಾಪಾಡುವ ಹೊಣೆ ಮತ್ತೆ ಮ್ಯೂಸಿಯಂನದೇ.

ಇಂಥ ಬಯೋಪ್ಲಾಸ್ಟಿಕ್ಕಿಗೆ ಪ್ರಯೋಗಾಲಯವೇ ಬೇಕೆಂದಿಲ್ಲ. ಚೀನಾ ಗ್ರಾಸ್ (ಅಗರ್), ಗ್ಲಿಸರಿನ್, ನೀರು ಇದ್ದರೆ ಅಡುಗೆಮನೆಯಲ್ಲೂ ಹಾಳೆ ಎರೆಯಬಹುದು. ಗ್ಲಿಸರಿನ್ ಹೆಚ್ಚಾದರೆ ಅಂಟು, ಕಡಿಮೆಯಾದರೆ ಬಿರುಕು. ಒಣಗುವಾಗ ಮುದುಡುತ್ತದೆ, ತೇವಕ್ಕೆ ಬೂಷ್ಟು ಹಿಡಿಯುತ್ತದೆ. ಈ ಚಂಚಲತೆಯೇ ಕಲಾವಿದರಿಗೆ ಇಷ್ಟ, ಕಾರ್ಖಾನೆಗೆ ತಲೆನೋವು. ಕಾರ್ಖಾನೆ ಒಪ್ಪಿದ್ದು ಪಿಎಲ್‌ಎ ಎಂಬ ಪ್ಲಾಸ್ಟಿಕ್ಕನ್ನು. ಅದೂ ಸಸ್ಯಮೂಲದ್ದೇ, ಆದರೆ ಸುಮಾರು 60 ಡಿಗ್ರಿ ಸೆಲ್ಸಿಯಸ್ ಬಿಸಿಯ ಗೊಬ್ಬರ ಘಟಕ ಸಿಗದಿದ್ದರೆ ತಿಪ್ಪೆಯಲ್ಲಿ ವರ್ಷಗಟ್ಟಲೆ ಹಾಗೇ ಬಿದ್ದಿರುತ್ತದೆ. ‘ಬಯೋ’ ಚೀಟಿ ಅಂಟಿಸಿದ್ದನ್ನೆಲ್ಲ ನಂಬುವಂತಿಲ್ಲ.

ಗ್ಯಾಲರಿಯಿಂದ ಹೊರಬರುವ ದಾರಿ ನನಗೆ ಕಾಣುವುದು ದಕ್ಷಿಣ ಫ್ರಾನ್ಸಿನ ಆರ್ಲ್‌ನಲ್ಲಿ. ಅಲ್ಲಿನ ಆಟೆಲಿಯೆ ಲುಮಾ ಎಂಬ ವಿನ್ಯಾಸ ಕೇಂದ್ರದಲ್ಲಿ ವಿನ್ಯಾಸಕರಾದ ಎರಿಕ್ ಕ್ಲಾರೆನ್‌ಬೀಕ್, ಮಾರ್ಟ್ಯೆ ಡ್ರೋಸ್ 2017ರಲ್ಲಿ ಪಾಚಿಯ ಪ್ರಯೋಗಾಲಯ ತೆರೆದು, ಪಾಚಿಯ ಪ್ಲಾಸ್ಟಿಕ್ಕಿನಿಂದ ಲೋಟ, ಹೂಜಿ ಮುದ್ರಿಸಿದರು. 2021ರಲ್ಲಿ ತೆರೆದ, ಫ್ರಾಂಕ್ ಗೆಹ್ರಿ ವಿನ್ಯಾಸದ ಲುಮಾ ಗೋಪುರದೊಳಗೆ ಸುತ್ತಲಿನ ಉಪ್ಪಿನ ಗದ್ದೆಗಳ ಉಪ್ಪು ಗೋಡೆಯ ಫಲಕವಾಗಿದೆ. ಪಾಚಿ ಬೆರೆತ ಟೈಲ್ಸ್ ಶೌಚಾಲಯದ ಗೋಡೆ ಏರಿವೆ.